ವೆಂಕಟಣ್ಣನ ಕಾಲು ತಾಸು

ಜುಲೈ 7, ಸೋಮವಾರ. ಸಂಜೆ 6.20

ಹೊನ್ನಾವರ ಬಸ್ ಸ್ಟ್ಯಾಂಡು. ಹತ್ತೊಂಬತ್ತು ಜನ ಆಯಿತು. ಇಪ್ಪತ್ತನೆಯವರು ಒಬ್ಬ ಅಜ್ಜಿ. ಹೊತ್ತು ಅಳೆಯುವ ಮೆಷಿನ್ನಿನ ಗುಂಡಿ ಕೈಗೆ ಕೊಟ್ಟು, ಹತ್ತು ನಿಮಿಷ ಆಯಿತು ಅನಿಸಿದಾಗ ಒತ್ತಿ ಎಂದೆ. ಅಷ್ಟರಲ್ಲಿ ಗೇರುಸೊಪ್ಪೆ ಬಸ್ ಬಂತು. ಗುಂಡಿ ಸಮೇತ ಹತ್ತಿಬಿಟ್ಟರು. ಹಿಂದೆ ಓಡಿ ಇಸಿದುಕೊಂಡೆ. ಕಂಡಕ್ಟರನಿಗೆ ನಗುವೋ ನಗು.

ಬಸ್ ಕಾಯುವವರೆಲ್ಲ ಆರು ಆರೂವರೆ ನಿಮಿಷಕ್ಕೇ ಒತ್ತುತ್ತಾರೆ. ಅವರ ಪಾಲಿಗೆ ಹತ್ತು ನಿಮಿಷ ಅಷ್ಟರಲ್ಲೇ ಕಳೆದಿರುತ್ತದೆ. ನಾವು ಇದಕ್ಕೆ ಹಿಗ್ಗು ಎನ್ನುತ್ತೇವೆ. ಗಡಿಯಾರ ತೋರಿಸುವುದು ಅಳೆಗಾಲ, ಮನಸ್ಸಿಗೆ ತೋರುವುದು ಅನಿಸುಗಾಲ. ಎರಡರ ನಡುವಿನ ವ್ಯತ್ಯಾಸ ಬರೆದುಕೊಳ್ಳುವುದಕ್ಕೆ ನನಗೆ ಸಂಬಳ. ಐಸ್ ಫ್ಯಾಕ್ಟರಿ ಮೇಲಿನ ಎರಡು ರೂಮಿಗೆ ‘ಅನಿಸುಗಾಲ ಅಧ್ಯಯನ ಕೇಂದ್ರ’ ಎಂಬ ಬೋರ್ಡು. ಇರುವವರು ಇಬ್ಬರು — ಸುದರ್ಶನ ಸರ್, ನಾನು.

ಸರ್ ಮೊದಲ ದಿನವೇ ಎರಡು ನಿಯಮ ಬಾಯಿಪಾಠ ಮಾಡಿಸಿದ್ದರು. ಒಂದು, ಕಾಯುವವನ ಕಾಲ ಹಿಗ್ಗುತ್ತದೆ, ಮೈಮರೆತವನ ಕಾಲ ಕುಗ್ಗುತ್ತದೆ. ಎರಡು, ನೆನಪಿನಲ್ಲಿ ಉದ್ದ ತಪ್ಪಬಹುದು, ಸಾಲು ತಪ್ಪುವುದಿಲ್ಲ. ಮದುವೆ ಊಟ ಎಷ್ಟು ಹೊತ್ತು ನಡೆಯಿತು ಎಂದು ಮರೆತುಹೋಗಬಹುದು. ಪಾಯಸ ಮೊದಲೋ ಮಜ್ಜಿಗೆ ಮೊದಲೋ ಎಂಬುದು ಯಾರಿಗೂ ಮರೆಯುವುದಿಲ್ಲ.

ಜುಲೈ 9, ಬುಧವಾರ. ಹೊಳನಗದ್ದೆ

ರಜೆ. ಮನೆ ಗದ್ದೆಯಲ್ಲಿ ನೆಟ್ಟಿ. ಗುಂಡಿ ತೆಗೆದುಕೊಂಡೇ ಹೋದೆ. ಸಸಿ ಹಿಡಿದ ಅಮ್ಮನ ಸೊಂಟಕ್ಕೆ ಕಟ್ಟಿದೆ.

“ಎಂತದೆ ಇದು? ಎಮ್ಮೆಗೆ ಗಂಟೆ ಕಟ್ದಾಂಗೆ,” ಎಂದಳು. ಪಕ್ಕದ ಸಾಲಿನ ಸಣ್ಣಿ ಅತ್ತೆ ನಕ್ಕು ಕೆಸರಲ್ಲಿ ಕೂತೇಬಿಟ್ಟಳು.

ಅಮ್ಮ ಹಾಡುತ್ತಾ ನೆಟ್ಟಳು. ಹತ್ತು ನಿಮಿಷಕ್ಕೆ ಒತ್ತಿದ್ದು — 10 ನಿಮಿಷ 20 ಸೆಕೆಂಡು. ಬಾಯಿ ಮುಚ್ಚಿಕೊಂಡು ನೆಡು ಎಂದೆ. 16 ನಿಮಿಷ. ಮತ್ತೆ ಹಾಡಿಸಿದೆ. 10 ನಿಮಿಷ 5. ಅದು ಹೇಗೆ ಎಂದು ಕೇಳಿದರೆ, ಆ ಹಾಡು ಎರಡು ಸಲ ಮುಗಿದರೆ ಇಷ್ಟು ಗದ್ದೆ ಆಗುತ್ತದೆ, ಅದರಲ್ಲಿ ಎಂತ ಹೇಗೆ ಎಂದಳು. ನಮ್ಮಮ್ಮ ನಾಗಮ್ಮನಿಗೆ ಮನಸ್ಸಿನಲ್ಲಿ ಕಾಲ ಇಲ್ಲ. ಹಾಡಿನಲ್ಲಿದೆ. ಬರೆದುಕೊಂಡೆ. ಸರ್ ಕುಣಿಯುತ್ತಾರೆ.

ಜುಲೈ 12, ಶನಿವಾರ. ಮಧ್ಯಾಹ್ನ

ಟೊಂಕ, ಮೀನುಗಾರರ ಊರು. ಒಬ್ಬ ಸಿಕ್ಕಿದ್ದಾನೆ!

ವೆಂಕಟ. ಐವತ್ತು ದಾಟಿರಬಹುದು. ಶೆಡ್ಡಿನಲ್ಲಿ ಬಲೆ ಹೆಣೆಯುತ್ತಾನೆ, ಹರಿದದ್ದು ಹೊಲಿಯುತ್ತಾನೆ. ಹತ್ತು ನಿಮಿಷ ಎಂದೆ. ಒತ್ತಿದ್ದು 10 ನಿಮಿಷ 4 ಸೆಕೆಂಡಿಗೆ. ಅರ್ಧ ತಾಸು ಎಂದೆ — 30 ನಿಮಿಷ 10. ಒಂದು ತಾಸು — 59 ನಿಮಿಷ 40. ವಾಚಿಲ್ಲ, ಫೋನಿಲ್ಲ, ಬಿಸಿಲೂ ಇಲ್ಲ. ಹಾಡೂ ಇಲ್ಲ.

ಪಕ್ಕದಲ್ಲಿದ್ದ ಚೌಡಣ್ಣನಿಗೆ ಇದರಲ್ಲಿ ಆಶ್ಚರ್ಯವೇ ಕಾಣಲಿಲ್ಲ. ಚೌಡಣ್ಣ ಈ ಸಾಲಿನ ನಾಲ್ಕು ನಾಡದೋಣಿಗಳ ಯಜಮಾನ. ಬಲೆ ಬಿಟ್ಟ ಮೇಲೆ ಎಷ್ಟು ಹೊತ್ತಿಗೆ ಎತ್ತಬೇಕು ಎಂದು ಊರಿಗೆ ಊರೇ ವೆಂಕಟನನ್ನು ಕೇಳುತ್ತಿತ್ತಂತೆ. ಬೇಗ ಎತ್ತಿದರೆ ಮೀನಿಲ್ಲ, ತಡವಾದರೆ ಏಡಿ ತಿನ್ನುತ್ತದೆ. ವೆಂಕಟನ ಹೊತ್ತು ಯಾವತ್ತೂ ತಪ್ಪಿದ್ದಿಲ್ಲವಂತೆ.

ಈಗ ಯಾವ ದೋಣಿಗೆ ಹೋಗುತ್ತಾರೆ ಎಂದು ಕೇಳಿದೆ. ಚೌಡಣ್ಣ ಮಾತು ತಿರುಗಿಸಿ ಮಳೆಯ ಸುದ್ದಿ ತೆಗೆದ. ವೆಂಕಟಣ್ಣ ಬಲೆಯಿಂದ ತಲೆ ಎತ್ತಲಿಲ್ಲ.

ಜುಲೈ 14, ಸೋಮವಾರ

ಕೇಳದೆ ಇರಲಾಗಲಿಲ್ಲ. ಚಾ ಅಂಗಡಿಯಲ್ಲಿ ಚೌಡಣ್ಣನನ್ನು ಹಿಡಿದು ಕೂರಿಸಿದೆ.

ಎರಡು ವರ್ಷದ ಹಿಂದೆ. ನೂಲಹುಣ್ಣಿಮೆಗೆ ಸಮುದ್ರಕ್ಕೆ ತೆಂಗಿನಕಾಯಿ ಬಿಟ್ಟು, ಮಾರನೇ ದಿನ ವೆಂಕಟಣ್ಣ ಮತ್ತು ತಮ್ಮ ರಾಜೀವ ಇಬ್ಬರೇ ಹೋದರು. ಅಳಿವೆಯ ಹೊರಗೆ, ಹೊಳೆ ಸಮುದ್ರ ಸೇರುವಲ್ಲಿಂದ ಸ್ವಲ್ಪ ಆಚೆ. ಬೆಳಿಗ್ಗೆ ಹನ್ನೊಂದು ದಾಟಿದ ಮೇಲೆ ಬಲೆ ತಳದ ಕಲ್ಲಿಗೆ ಸಿಕ್ಕಿಕೊಂಡು ದೋಣಿ ಮಗುಚಿತು. ರಾಜೀವನ ಕಾಲು ಮುರಿಯಿತು. ಜಡಿಮಳೆ, ದಡದಿಂದ ಏನೂ ಕಾಣುತ್ತಿರಲಿಲ್ಲ. ವೆಂಕಟಣ್ಣ ಒಂದು ಕೈಯಲ್ಲಿ ಬಲೆಯ ಹಗ್ಗ, ಇನ್ನೊಂದು ಕೈಯಲ್ಲಿ ತಮ್ಮನನ್ನು ಹಿಡಿದುಕೊಂಡ. ಆಮೇಲೆ ತಮ್ಮ ಕೈಜಾರಿದ. ಸಂಜೆ ಆರೂವರೆಗೆ ಬೇರೆ ದೋಣಿಯವರು ವೆಂಕಟಣ್ಣನೊಬ್ಬನನ್ನೇ ಎತ್ತಿಕೊಂಡು ಬಂದರು.

ದಡಕ್ಕೆ ಬಂದಾಗ ರಾಜೀವನ ಹೆಂಡತಿ ದುರ್ಗಮ್ಮ ಕೇಳಿದಳಂತೆ — ಎಷ್ಟು ಹೊತ್ತು ಹಿಡಿದಿದ್ದಿರಿ ಭಾವ? ಇವನು ಹೇಳಿದ್ದು, ಕಾಲು ತಾಸು.

ಏಳು ತಾಸು ತಾನು ಜೀವ ಹಿಡಿದುಕೊಂಡವನು ತಮ್ಮನನ್ನು ಹಿಡಿದದ್ದು ಕಾಲು ತಾಸು. ದುರ್ಗಮ್ಮ ಆವತ್ತೇ ಮಾತು ಬಿಟ್ಟಳು. ತಿಂಗಳೊಳಗೆ ತವರು ಶಿರಾಲಿಗೆ ಹೋದಳು. ಆವತ್ತಿನಿಂದ ವೆಂಕಟಣ್ಣ ನೀರಿಗೆ ಇಳಿದಿಲ್ಲ. ಅವರ ಮನೆಯಲ್ಲಿ ತಮ್ಮನ ತಿಥಿಗೆ ಅಣ್ಣನೇ ಎಡೆ ಇಡಬೇಕು. ಹೋದ ವರ್ಷ ಇವನನ್ನು ಕರೆಯಲಿಲ್ಲ. ಎಡೆ ಬೇರೆ ಯಾರೋ ಇಟ್ಟರು. ಇವನು ಆವತ್ತು ಶೆಡ್ಡಿನಲ್ಲೇ ಉಪವಾಸ ಕೂತಿದ್ದ.

ಈ ವರ್ಷ ದುರ್ಗಮ್ಮನ ಮನಸ್ಸು ಸ್ವಲ್ಪ ಮೆತ್ತಗಾಗಿದೆ, ಕರೆಯಬಹುದು ಎಂದ ಚೌಡಣ್ಣ. ತಿಥಿ ಆಗಸ್ಟ್ ಹತ್ತಕ್ಕೆ.

ಜುಲೈ 19, ಶನಿವಾರ. ಬಸ್ಸಿನಲ್ಲೇ ಬರೆಯುತ್ತಿದ್ದೇನೆ

ಭಟ್ಕಳದ ಕೆಲಸ ಬೇಗ ಮುಗಿಯಿತು. ಹೆದ್ದಾರಿಯಲ್ಲಿ ಶಿರಾಲಿ ಬೋರ್ಡು ಕಂಡದ್ದೇ ಇಳಿದುಬಿಟ್ಟೆ. ಯಾರೂ ಇಳಿಯಲು ಹೇಳಿರಲಿಲ್ಲ. ನನ್ನ ಕುತೂಹಲ.

ದುರ್ಗಮ್ಮ ಮೀನು ಮಾರುತ್ತಿದ್ದಳು. ಗಟ್ಟಿ ಹೆಂಗಸು, ಮಾತು ಕಡಿಮೆ. ಗುಂಡಿ ಒತ್ತಲು ಒಪ್ಪಿದಳು. ಕೈಯಲ್ಲಿ ಬಂಗಡೆ ಕೊಯ್ಯುತ್ತಲೇ ತಾನಾಗಿ ಆ ದಿನದ ಮಾತು ತೆಗೆದಳು. ಹನ್ನೊಂದು ಐದಕ್ಕೆ ಗಂಡನ ಫೋನು ಬಂದಿತ್ತಂತೆ. ಮಧ್ಯಾಹ್ನಕ್ಕೆ ಎಂತ ಸಾರು ಎಂದು ಕೇಳಲು. ಇವಳಿಗೆ ಗಿರಾಕಿ ಇತ್ತು. ಬಂದು ನೋಡಿ ಎಂದು ಫೋನಿಟ್ಟಳು.

ಆಮೇಲೆ ಕೇಳಿದಳು, “ಟೊಂಕದಲ್ಲಿ ನಮ್ಮ ಭಾವನ್ನೂ ಅಳದ್ರಂತಲ್ಲ. ಅವರ ಲೆಕ್ಕ ಹ್ಯಾಂಗೆ?”

ನನ್ನ ನಾಲಿಗೆಗೆ ಹುಳ ಬೀಳಲಿ. ಹೆಮ್ಮೆಯಿಂದ ಹೇಳಿದೆ — ಒಂದು ನಿಮಿಷವೂ ತಪ್ಪಿಲ್ಲ, ಜಿಲ್ಲೆಯಲ್ಲೇ ಅಂಥವರಿಲ್ಲ.

ಕತ್ತಿ ನಿಂತಿತು. “ಹಂಗಾರೆ ಕಾಲು ತಾಸೇ ಸರಿ,” ಎಂದಳು. ಮತ್ತೆ ಕೊಯ್ಯತೊಡಗಿದಳು. ನಾನು ಬಂಗಡೆ ತೆಗೆದುಕೊಳ್ಳದೆ, ದುಡ್ಡು ಮಾತ್ರ ಕೊಟ್ಟು ಎದ್ದು ಬಂದಿದ್ದೇನೆ. ಈಗ ನೆನಪಾಯಿತು.

ಜುಲೈ 24, ಗುರುವಾರ

ಐದು ದಿನ ಬರೆಯಲಿಲ್ಲ. ಬರೆಯುವುದಕ್ಕೆ ಮುಖವಿಲ್ಲ.

ಚೌಡಣ್ಣನಿಗೆ ಶಿರಾಲಿಯಿಂದ ಸುದ್ದಿ ಬಂದಿದೆ. ವೆಂಕಟ ತಿಥಿಗೆ ಬರುವುದು ಬೇಡ. ಮೊದಲು ದುರ್ಗಮ್ಮ ಕರೆಯಬೇಕು ಎಂದೇ ಇದ್ದಳಂತೆ. ಅವತ್ತು ಗಾಬರಿಯಲ್ಲಿ ಭಾವನ ಹೊತ್ತು ತಪ್ಪಿರಬಹುದು ಎಂಬ ಒಂದು ಅನುಮಾನ ಅವಳಿಗಿತ್ತು. ಅದರ ಮೇಲೇ ಮನಸ್ಸು ಮೆತ್ತಗಾಗಿತ್ತು. ನಾನು ಹೋಗಿ, ಮೆಷಿನ್ ಸಾಕ್ಷಿ ಸಮೇತ, ಅದನ್ನು ಕಿತ್ತು ಹಾಕಿದೆ.

ವೆಂಕಟಣ್ಣನ ಹತ್ತಿರ ಹೋಗಿ ತಪ್ಪಾಯಿತು ಎಂದೆ. ಅವನು ಬಲೆಯ ಕಣ್ಣು ಎಣಿಸುತ್ತಲೇ ಹೇಳಿದ, “ತಪ್ಪೆಂತದು ಮೇಡಂ. ಇದ್ದದ್ದೇ ಅಲ್ಲಾ ಹೇಳಿದ್ದು ನೀವು.” ಬೈದಿದ್ದರೆ ಚೆನ್ನಾಗಿತ್ತು. ಮನೆಗೆ ಬಂದು ಅತ್ತೆ.

ಜುಲೈ 28, ಸೋಮವಾರ

ಅಳು ಮುಗಿದ ಮೇಲೆ ಒಂದು ಪ್ರಶ್ನೆ ಹುಟ್ಟಿದೆ. ಬಿಡುತ್ತಲೇ ಇಲ್ಲ. ನಾನು ವೆಂಕಟಣ್ಣನನ್ನು ಅಳೆದದ್ದೆಲ್ಲ ಬಲೆ ಕೈಯಲ್ಲಿದ್ದಾಗ. ಹಾಡು ನಿಂತಾಗ ಅಮ್ಮನ ಲೆಕ್ಕ ತಪ್ಪಿತು. ಬಲೆ ಕೈಬಿಟ್ಟರೆ ಇವನದು?

ಸರ್‌ಗೆ ಹೇಳಿದೆ. ನೊಂದವರನ್ನು ಮತ್ತೆ ಕೆದಕಬೇಡ ಎಂದರು. ಸರಿ ಎಂದು ತಲೆಯಾಡಿಸಿದೆ. ತಲೆ ಮಾತ್ರ.

ಜುಲೈ 29, ಮಂಗಳವಾರ. ಸಂಜೆ 5.15

ಆವತ್ತಿನ ಹಾಗೆ ಏನನ್ನಾದರೂ ಹಿಡಿದುಕೊಂಡಿರಬೇಕು. ಏನು ಕೊಡುವುದು? ಕಲ್ಲೇ? ಯೋಚನೆಯಲ್ಲೇ ಹೋದೆ. ಚೌಡಣ್ಣನ ಮೊಮ್ಮಗಳು ಶೆಡ್ಡಿನಲ್ಲಿತ್ತು, ಎಂಟು ತಿಂಗಳ ಕೂಸು. ನಿದ್ದೆಗೆ ರಚ್ಚೆ ಹಿಡಿದಿತ್ತು. ಯಾರ ಕೈಯಲ್ಲೂ ಸುಮ್ಮನಾಗದ್ದು ವೆಂಕಟಣ್ಣನ ಎದೆಗೆ ಒರಗಿ ಕಣ್ಣು ಮುಚ್ಚಿತು. ಅವನು ಬಲೆ ಬದಿಗಿಟ್ಟ. ನಾನು ಮೆಲ್ಲಗೆ ಹೇಳಿದೆ, ಹತ್ತು ನಿಮಿಷ ಆದಾಗ ಹೇಳಿ.

ಹತ್ತು ಆಯಿತು. ಹದಿನೈದು. ಇಪ್ಪತ್ತು. ಅವನು ಕೂಸಿನ ಉಸಿರನ್ನೇ ನೋಡುತ್ತಿದ್ದ.

“ಆತು,” ಎಂದ ಕೊನೆಗೆ.

41 ನಿಮಿಷ.

ವಾಚು ತೋರಿಸಿದೆ. ನಿಮ್ಮ ವಾಚು ಕೆಟ್ಟಿದೆ ಎಂದ. ಚೌಡಣ್ಣನ ಫೋನು ನೋಡಿದ. ಎದ್ದು ಹೋಗಿ ಚಾ ಅಂಗಡಿಯ ಗೋಡೆ ಗಡಿಯಾರವನ್ನೂ ನೋಡಿ ಬಂದ. ಆಮೇಲೆ ನಾನು ಕೇಳದೆಯೇ ಆ ದಿನದ್ದು ಹೇಳತೊಡಗಿದ. ಎರಡು ವರ್ಷದಲ್ಲಿ ಎಲ್ಲರೂ ಎಷ್ಟು ಹೊತ್ತು ಎಂದೇ ಕೇಳಿದ್ದರು. ಏನೇನಾಯಿತು ಎಂದು ಯಾರೂ ಕೇಳಿರಲಿಲ್ಲ. ನಾನು ಸಾಲಾಗಿ ಬರೆದುಕೊಂಡೆ.

ದೋಣಿ ಮಗುಚಿತು. ರಾಜೀವ ಫೋನಿಟ್ಟ ಬೆನ್ನಿಗೇ ಆದದ್ದು ಅದು. ಹಗ್ಗ ಸಿಕ್ಕಿತು. ದೋಣಿ ಕಲ್ಲಿಗೆ ಕಟ್ಟಿದ ಹಾಗೆ ಅಲ್ಲೇ ನಿಂತಿತು. ಕುಡಿಯುವ ನೀರಿನ ಕ್ಯಾನು ತೇಲುತ್ತಾ ಪಡುವಣಕ್ಕೆ, ನಡುಸಮುದ್ರದ ಕಡೆ ಹೋಯಿತು. ಅದು ಕಣ್ಣಿಗೆ ಮರೆಯಾಗುವವರೆಗೂ ರಾಜೀವ ನೋಡುತ್ತಿದ್ದ. ಮಾತಾಡಿದರು. ರಾಜೀವನಿಗೆ ಚಳಿ ಹಿಡಿಯಿತು. ಇನ್ನೂ ಮಾತಾಡಿದರು. ವೆಂಕಟಣ್ಣನ ಬೆರಳು ಮರಗಟ್ಟಿತು. ತಮ್ಮ ಜಾರಿದ. ತೇಲುತ್ತಾ ಮೂಡಣಕ್ಕೆ, ಗುಡ್ಡದ ಕಡೆ ಹೋದ. ಅಳಿವೆಯೊಳಗೆ ಸೇರುತ್ತಾನೆ, ಯಾರಾದರೂ ಎತ್ತುತ್ತಾರೆ ಎಂದುಕೊಂಡನಂತೆ ಇವನು. ಆಮೇಲೆ ಒಬ್ಬನೇ. ಮುಗಿಯದಷ್ಟು ಹೊತ್ತು.

ಜುಲೈ 31, ಗುರುವಾರ. ಹೊಳನಗದ್ದೆ

ಜಗಲಿಯಲ್ಲಿ ಕೂತು ಫೇರ್ ಕಾಪಿ ಮಾಡುತ್ತಿದ್ದೆ. ಅಮ್ಮ ಸೌತೆಕಾಯಿ ಹೆಚ್ಚುತ್ತಾ, ದಿನವಿಡೀ ಎಂತ ಬರೆಯುತ್ತೀಯೆ, ಓದು ನೋಡುವ ಎಂದಳು. ಓದಿದೆ. ಕತೆ ಕೇಳುವ ಹಾಗೆ ಹ್ಞೂಂಗುಟ್ಟುತ್ತಿದ್ದವಳು ಒಮ್ಮೆಗೇ ನಿಲ್ಲಿಸಿದಳು.

“ಕ್ಯಾನು ಪಡುವಕ್ಕೆ ಹೋತು ಅಂದೆ. ತಮ್ಮ ಮೂಡಕ್ಕೆ ಹೋದ ಅಂದೆ. ಹಂಗಾರೆ ನಡುವೆ ನೀರು ತಿರುಗ್ತಲ್ಲೇ.”

ಅಮ್ಮನ ತವರು ಅಘನಾಶಿನಿ ದಂಡೆ. ಗಜನಿ ಗದ್ದೆಯವರು. ಉಪ್ಪುನೀರು ಬಂದು ಹೋಗುವ ಗದ್ದೆ. ಉಬ್ಬರಕ್ಕೆ ಕಟ್ಟೆಯ ಬಾಗಿಲು ಹಾಕಬೇಕು, ಇಳಿತಕ್ಕೆ ತೆಗೆಯಬೇಕು. ಒಂದು ತಪ್ಪಿದರೆ ವರ್ಷದ ಭತ್ತ ಹೋಯಿತು. ನೀರು ತಿರುಗಲು ಎಷ್ಟು ಹೊತ್ತು ಬೇಕು ಎಂದು ಕೇಳಿದೆ. ಸೌತೆಕಾಯಿಯ ಹೋಳು ಬಾಯಿಗೆ ಹಾಕಿಕೊಂಡು, ಇಳಿಯಲು ಶುರುವಾದ ನೀರು ಮತ್ತೆ ಏರಲು ಆರು ತಾಸು, ಅಷ್ಟೂ ಗೊತ್ತಿಲ್ಲದೆ ಎಂತ ಸೈನ್ಸು ಓದಿದೆ ಎಂದಳು.

ಪೆನ್ನು ಕೆಳಗೆ ಬಿತ್ತು. ನಿಜಕ್ಕೂ.

ಆಗಸ್ಟ್ 1, ಶುಕ್ರವಾರ

ಉಬ್ಬರ ಇಳಿತದ ಹಳೆಯ ಪಟ್ಟಿ ಬಂದರಿನ ಆಫೀಸಿನಲ್ಲಿ ಸಿಕ್ಕಿತು. ಆವತ್ತು ನೀರು ಇಳಿಯಲು ಶುರುವಾದದ್ದು 11ಕ್ಕೆ. ತಿರುಗಿದ್ದು ಸಂಜೆ 5.10ಕ್ಕೆ. ರಾಜೀವನ ಫೋನು 11.05. ಮಗುಚಿದ್ದು ಅದಾದ ಸ್ವಲ್ಪದರಲ್ಲೇ. ವೆಂಕಟಣ್ಣನನ್ನು ಎತ್ತಿದ್ದು 6.30. ತಮ್ಮ ಮೂಡಣಕ್ಕೆ ತೇಲಿದ ಅಂದರೆ 5.10 ಆದ ಮೇಲೆಯೇ ಜಾರಿದ.

ಕಾಲು ತಾಸಲ್ಲ. ಸುಮಾರು ಆರು ತಾಸು. ಒಬ್ಬನೇ ಇದ್ದದ್ದು ಹೆಚ್ಚೆಂದರೆ ಒಂದು ತಾಸು ಇಪ್ಪತ್ತು ನಿಮಿಷ.

ಸರ್ ಮೂರು ಸಲ ಲೆಕ್ಕ ನೋಡಿದರು. ನೆನಪೇ ಸುಳ್ಳಾಗಿದ್ದರೆ ಎಂದರು. ನೀವೇ ಹೇಳಿದ್ದಲ್ಲ ಸರ್, ಉದ್ದ ತಪ್ಪಬಹುದು, ಸಾಲು ತಪ್ಪುವುದಿಲ್ಲ ಎಂದೆ. ಕ್ಯಾನು ಮೊದಲು, ತಮ್ಮ ಆಮೇಲೆ. ಸರ್ ಕನ್ನಡಕ ತೆಗೆದು ಒರೆಸಿಕೊಂಡರು. ಅವರು ನನಗೆ ಬೈಯುವುದನ್ನು ಮರೆತರು.

ಅಲ್ಲಿಂದ ಸೀದಾ ಚೌಡಣ್ಣನ ಹತ್ತಿರ. ಕೇಳಿ ಮರಳಿನ ಮೇಲೆ ಕುಸಿದು ಕೂತ. “ನೀರಿನವರು ನಾವು. ನಮಗೆ ಹೊಳೀಲಿಲ್ಲಲ್ಲ ತಂಗಿ,” ಎಂದ. ಹೇಗೆ ಹೊಳೆಯಬೇಕು? ವೆಂಕಟನ ಹೊತ್ತು ತಪ್ಪುವುದಿಲ್ಲ ಎಂದು ಊರೇ ನಂಬಿತ್ತು. ಸ್ವತಃ ವೆಂಕಟನೂ. ಬೇರೆ ಯಾರಾದರೂ ಕಾಲು ತಾಸು ಎಂದಿದ್ದರೆ, ಇವರೇ ನೀರಿನ ಲೆಕ್ಕ ಹಾಕಿ ನೋಡುತ್ತಿದ್ದರು.

ಆಗಸ್ಟ್ 3, ಭಾನುವಾರ

ವೆಂಕಟಣ್ಣನಿಗೆ ಹೇಳಿದೆವು. ಚೌಡಣ್ಣನೂ ಜೊತೆಗಿದ್ದ. ಖುಷಿಪಡುತ್ತಾನೆ ಎಂದುಕೊಂಡಿದ್ದೆ. ದಡ್ಡಿ ನಾನು.

ಮೊದಲು ಒಪ್ಪಲಿಲ್ಲ. ಏಳು ತಾಸು ಒಬ್ಬನೇ ಇದ್ದೆ, ನನಗೆ ಗೊತ್ತಿಲ್ಲವೇ ಎಂದ. ಕೂಸಿನ ಮಾತು ನೆನಪಿಸಿದೆ. ಪಡುವಣಕ್ಕೆ ನೋಡಿದ, ಮೂಡಣಕ್ಕೆ ನೋಡಿದ. ಬೆರಳಿನಲ್ಲಿ ಏನೋ ಎಣಿಸಿದ. ಕಣ್ಣಿನಲ್ಲಿ ನೀರು ಬಂತು. ಬಲಗೈಯನ್ನು ಎಡಗೈಯಲ್ಲಿ ಹಿಡಿದುಕೊಂಡು ತುಂಬ ಹೊತ್ತು ಕೂತ. ಎಷ್ಟು ಹೊತ್ತೋ, ನಾನು ಅಳೆಯಲಿಲ್ಲ.

ಆಮೇಲೆ ಅವನು ಕೇಳಿದ ಪ್ರಶ್ನೆ ನನ್ನ ತಲೆಯಿಂದ ಹೋಗುತ್ತಿಲ್ಲ.

“ಆರು ತಾಸು ಮಾತಾಡಿದ್ದ ಅವ. ನಂಗೆ ನೆನಪಿದ್ದದ್ದು ಕಾಲು ತಾಸಿಂದು. ಉಳಿದ ಮಾತೆಲ್ಲ ಎಲ್ಲಿಗೆ ಹೋತು ತಂಗಿ?”

ನಮ್ಮ ಶಾಸ್ತ್ರದಲ್ಲಿ ಇದಕ್ಕೆ ನಿಯಮವಿಲ್ಲ. ಸರ್‌ಗೂ ಗೊತ್ತಿಲ್ಲವಂತೆ.

ಆಗಸ್ಟ್ 6, ಬುಧವಾರ. ಶಿರಾಲಿ

ದುರ್ಗಮ್ಮನ ಮುಂದೆ ಕೂತು ಎಲ್ಲ ಹೇಳಿದೆ. ಮೊದಲು ನನ್ನ ತಪ್ಪು. ಆಮೇಲೆ ಕೂಸು, ಕ್ಯಾನು, ನೀರು. ಪಟ್ಟಿಯ ಜೆರಾಕ್ಸ್ ತೋರಿಸಿದೆ. ಅದನ್ನು ನೋಡಲೇ ಇಲ್ಲ. ಟೊಂಕದಲ್ಲಿ ಇಪ್ಪತ್ತು ವರ್ಷ ಬಾಳಿದವಳು, ನೀರು ತಿರುಗಿದ್ದು ಎಂದ ಕೂಡಲೇ ಅವಳಿಗೆ ಪಟ್ಟಿ ಬೇಕಾಗಲಿಲ್ಲ.

ಕೇಳಿದ್ದು ಒಂದೇ, ಆರು ತಾಸು ಒಂದೇ ಕೈಯಲ್ಲಾ ಎಂದು. ಹೌದು ಎಂದೆ. ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ಗಿರಾಕಿಯೊಬ್ಬರು ಬಂದು, ನಿಂತು, ವಾಪಸ್ ಹೋದರು.

ಎದ್ದು ಹೊರಡುವಾಗ ಚೀಲಕ್ಕೆ ಬಂಗಡೆ ಹಾಕಿದಳು. ಅವತ್ತು ದುಡ್ಡು ಕೊಟ್ಟು ಮೀನು ಬಿಟ್ಟು ಹೋಗಿದ್ದೆ ನೀನು ಎಂದಳು. ತಿಥಿಯ ಮಾತು ಎತ್ತಲಿಲ್ಲ.

ಆಗಸ್ಟ್ 9, ಶನಿವಾರ. ಬೆಳಿಗ್ಗೆ

ನೂಲಹುಣ್ಣಿಮೆ. ಚೌಡಣ್ಣನ ಫೋನು. ಶಿರಾಲಿಯಿಂದ ನಿನ್ನೆ ಸಂಜೆ ಕರೆ ಬಂತಂತೆ. ನಾಳೆ ಬರಬೇಕಂತೆ, ಎಡೆ ಭಾವನೇ ಇಡಬೇಕಂತೆ. ಮೆಷಿನ್ ಹುಡುಗಿಯನ್ನೂ ಕರೆದುಕೊಂಡು ಬನ್ನಿ ಎಂದಳಂತೆ. ಮೆಷಿನ್ ಹುಡುಗಿ! ಇರಲಿ.

ಆಗಸ್ಟ್ 10, ಭಾನುವಾರ. ಸಂಜೆ 4.10. ಶಿರಾಲಿ, ದುರ್ಗಮ್ಮನ ಜಗಲಿ

ಎಡೆ ಇಟ್ಟಾಯಿತು. ವೆಂಕಟಣ್ಣ ಇಡುವಾಗ ಅನ್ನ ಎಲೆಯಾಚೆ ಚೆಲ್ಲಿತು. ಊಟ ಮುಗಿದು ನೆಂಟರೆಲ್ಲ ಹೊರಟರು. ಚೌಡಣ್ಣ ಕಂಬಕ್ಕೆ ಒರಗಿ ನಿದ್ದೆ ಹೋಗಿದ್ದಾನೆ. ನಾನು ಮೂಲೆಯಲ್ಲಿ ಬರೆಯುತ್ತಿದ್ದೇನೆ.

ದುರ್ಗಮ್ಮ ಈಗ ಹೊರಗೆ ಬಂದಳು. ಎರಡು ವರ್ಷದ ಮೇಲೆ ಅವನ ಎದುರು ಕೂತಿದ್ದಾಳೆ. ಆವತ್ತು ನೀರಲ್ಲಿ ಅವರು ಎಂತೆಂತ ಹೇಳಿದರು ಭಾವ ಎಂದು ಕೇಳಿದಳು. ವೆಂಕಟಣ್ಣ ತಲೆ ತಗ್ಗಿಸಿದ. ತನಗೆ ನೆನಪಿರುವುದು ಕಾಲು ತಾಸಿನಷ್ಟೇ ಎಂದ. ತಪ್ಪೊಪ್ಪಿಕೊಳ್ಳುವ ಹಾಗೆ ಹೇಳಿದ.

“ಅಷ್ಟೇ ಹೇಳಿ,” ಎಂದಳು. “ನಿಧಾನಕ್ಕೆ ಹೇಳಿ.”

ಅಭ್ಯಾಸಬಲ, ನನ್ನ ಕೈ ಸ್ಟಾಪ್‌ವಾಚಿಗೆ ಹೋಯಿತು. ತೆಗೆದು ಚೀಲದ ತಳಕ್ಕೆ ಹಾಕಿದೆ.

ಮೊದಲು ಸಾರಿನ ಮಾತೇ ಬಂದದ್ದು ಎಂದ ವೆಂಕಟಣ್ಣ. ದುರ್ಗಮ್ಮನ ಕೈ ಬಾಯಿಗೆ ಹೋಯಿತು. ದೋಣಿ ಮಗುಚಿ, ಕಾಲು ಮುರಿದು, ನೀರಲ್ಲಿ ತೇಲುತ್ತಾ ರಾಜೀವ ನಕ್ಕನಂತೆ. ನಕ್ಕು ಹೇಳಿದನಂತೆ — ಅಣ್ಣ, ದುರ್ಗಿ ಎಂತ ಸಾರು ಅಂತ ಹೇಳ್ಲೇ ಇಲ್ಲ, ಬಂದು ನೋಡಿ ಅಂದ್ಲು, ಅಂದ್ರೆ ಇವತ್ತು ಬಂಗಡೆ ಸಾರೇ. ಉಳಿದದ್ದು ಅವರಿಬ್ಬರದು, ಪೆನ್ನು ಮುಚ್ಚುತ್ತೇನೆ.